ಒಂದೇ ನೀರಿಗೆ ಇಳಿಯುವವರು: ಕ್ಯೋಟೋದ ಸ್ನಾನಗೃಹಗಳು ಮತ್ತು ಸಮತೆಯ ಪ್ರಶ್ನೆ



ಕ್ಯೋಟೋ ನಗರಕ್ಕೆ ಓದಲೆಂದೋ ದುಡಿಯಲೆಂದೋ ಬಂದ ಕನ್ನಡಿಗರಿಗೆ ಆ ಊರಿನ ದೇವಾಲಯಗಳು ಬೇಗ ಪರಿಚಯವಾಗುತ್ತವೆ. ಸ್ನಾನಗೃಹಗಳ ಪರಿಚಯಕ್ಕೆ ತಡವಾಗುತ್ತದೆ. ಓಣಿಯ ತಿರುವಿನಲ್ಲಿ ಎತ್ತರದ ಹೊಗೆಕೊಳವೆಯೊಂದು ಕಾಣುತ್ತದೆ. ಅದರ ಕೆಳಗಿನ ಬಾಗಿಲಿಗೆ ‘ನೋರೆನ್’ ಎಂಬ ಬಟ್ಟೆಯ ಪರದೆ, ಪರದೆಯ ಮೇಲೆ ಬಿಸಿನೀರು ಎಂಬ ಅರ್ಥದ ‘ಯು’ ಎಂಬ ಅಕ್ಷರ. ಇದು ‘ಸೆಂತೋ’, ಅಂದರೆ ಬೀದಿಯವರೆಲ್ಲರ ಸ್ನಾನದ ಮನೆ. ಒಳಗೆ ಹೋದರೆ ಮೈಮೇಲೆ ಒಂದು ನೂಲೂ ಇರಬಾರದೆಂದು ತಿಳಿದಾಗ ಹೊಸಬರು ಹಿಂಜರಿಯುತ್ತಾರೆ. ತಿಂಗಳುಗಟ್ಟಲೆ ಆ ಪರದೆಯನ್ನು ಹೊರಗಿನಿಂದಲೇ ನೋಡಿ ಹೋಗುವವರಿದ್ದಾರೆ.

ಆ ಹಿಂಜರಿಕೆಗೆ ನಾಚಿಕೆಯೊಂದೇ ಕಾರಣವಲ್ಲ. ಅಪರಿಚಿತರು ಮಿಂದ ನೀರಿಗೆ ತಾನು ಇಳಿಯುವುದು ಹೇಗೆ ಎಂಬ ಪ್ರಶ್ನೆಯೂ ಅದರಲ್ಲಿ ಸೇರಿದೆ. ಈ ಪ್ರಶ್ನೆ ಶುಚಿತ್ವದ್ದೋ ಮಡಿಯದ್ದೋ ಎಂಬುದನ್ನು ಕೇಳುವವರೇ ಬಹಳ ಸಲ ಬಿಡಿಸಿ ನೋಡಿರುವುದಿಲ್ಲ. ಇಂದಿನ ಮಾತಿನ ಉದ್ದೇಶ ಅದನ್ನು ಬಿಡಿಸಿ ನೋಡುವುದು. ಒಂದೇ ನೀರಿಗೆ ಯಾರು ಯಾರು ಇಳಿಯಬಹುದು ಎಂಬ ಪ್ರಶ್ನೆಯನ್ನು ಕ್ಯೋಟೋ ಹೇಗೆ ಎದುರಿಸಿತು, ಅದೇ ಪ್ರಶ್ನೆಗೆ ಭಾರತ ಏನು ಉತ್ತರ ಕೊಟ್ಟಿತು ಎಂಬುದೇ ಇಲ್ಲಿನ ವಿಷಯ.

ಮೊದಲು ಸೆಂತೋದ ಕ್ರಮವನ್ನು ನೋಡೋಣ. ಪಾದರಕ್ಷೆಯನ್ನು ಬಾಗಿಲಲ್ಲೇ ಮರದ ಗೂಡಿನಲ್ಲಿಟ್ಟು, ಗಂಡಸರೂ ಹೆಂಗಸರೂ ಬೇರೆ ಬೇರೆ ಕಡೆಗೆ ಹೋಗಬೇಕು. ‘ಬಂದೈ’ ಎಂಬ ಎತ್ತರದ ಕಟ್ಟೆಯ ಮೇಲೆ ಕುಳಿತವರಿಗೆ ಹಣ ಕೊಡಬೇಕು. ಈ ದರದ ಮಿತಿಯನ್ನು ಪ್ರಾಂತ ಸರ್ಕಾರವೇ ಗೊತ್ತು ಮಾಡುತ್ತದೆ. ಜನರ ದಿನನಿತ್ಯದ ಅಗತ್ಯವೆಂದು ಪರಿಗಣಿಸಿರುವುದರಿಂದ ಮಾಲೀಕರು ಮನಬಂದಂತೆ ಏರಿಸುವಂತಿಲ್ಲ. ಬಟ್ಟೆ ಕಳಚಿ ಒಳಗೆ ಹೋದ ಮೇಲೆ ನೇರವಾಗಿ ತೊಟ್ಟಿಗೆ ಇಳಿಯುವಂತಿಲ್ಲ. ಗೋಡೆಯುದ್ದಕ್ಕೂ ಇರುವ ನಲ್ಲಿಗಳ ಮುಂದೆ ಗಿಡ್ಡ ಮಣೆಯ ಮೇಲೆ ಕುಳಿತು, ಬೋಗುಣಿಯಲ್ಲಿ ನೀರು ಹಿಡಿದು, ಸೋಪು ಹಚ್ಚಿ, ಅಡಿಯಿಂದ ಮುಡಿಯವರೆಗೆ ತೊಳೆದು, ನೊರೆಯ ಒಂದು ಹನಿಯೂ ಉಳಿಯದಂತೆ ಸುರಿದುಕೊಳ್ಳಬೇಕು. ಪಕ್ಕದವರ ಮೇಲೆ ನೀರು ಸಿಡಿಯಬಾರದು. ಎದ್ದ ಮೇಲೆ ಮಣೆಯನ್ನು ತೊಳೆದಿಡಬೇಕು. ಆ ನಂತರವೇ ತೊಟ್ಟಿ. ತಲೆಗೂದಲಾಗಲಿ, ಕೈಯಲ್ಲಿರುವ ಪುಟ್ಟ ಟವೆಲಾಗಲಿ ತೊಟ್ಟಿಯ ನೀರಿಗೆ ತಾಗಬಾರದು. ಟವೆಲನ್ನು ಮಡಿಸಿ ತಲೆಯ ಮೇಲಿಟ್ಟುಕೊಳ್ಳುವ ಮುದುಕರ ಚಿತ್ರ ಇಲ್ಲಿಂದಲೇ ಬಂದದ್ದು.

ಟೋಕಿಯೋದಲ್ಲಿ ತೊಟ್ಟಿ ಸಾಮಾನ್ಯವಾಗಿ ಹಿಂದಿನ ಗೋಡೆಗೆ ಅಂಟಿಕೊಂಡಿರುತ್ತದೆ, ಗೋಡೆಯ ಮೇಲೆ ಫುಜಿ ಪರ್ವತದ ಚಿತ್ರ. ಕ್ಯೋಟೋ–ಒಸಾಕಾ ಕಡೆ ತೊಟ್ಟಿ ಕೋಣೆಯ ನಡುವೆ ಇರುವುದು ರೂಢಿ. ಇಲ್ಲಿನವರು ತೊಟ್ಟಿಯ ನೀರನ್ನೇ ಮೊಗೆದು ಮೈಮೇಲೆ ಸುರಿದುಕೊಳ್ಳುವುದರಿಂದ ಇಲ್ಲಿನ ಬೋಗುಣಿಯೂ ಟೋಕಿಯೋದ್ದಕ್ಕಿಂತ ಚಿಕ್ಕದು. 1963ರಿಂದ ದೇಶದ ಸ್ನಾನಗೃಹಗಳಿಗೆಲ್ಲ ಹರಡಿದ, ‘ಕೆರೋರಿನ್’ ಎಂಬ ನೋವಿನ ಔಷಧದ ಜಾಹೀರಾತು ಹೊತ್ತ ಹಳದಿ ಪ್ಲಾಸ್ಟಿಕ್ ಬೋಗುಣಿಯಲ್ಲೂ ಹೀಗೆ ಎರಡು ಅಳತೆಗಳಿವೆ.

ಈ ಕ್ರಮದ ಹಿಂದಿನ ತಿಳುವಳಿಕೆ ಸರಳವಾದದ್ದು: ಕೊಳೆ ಚರ್ಮದ ಮೇಲಿದೆ, ತೊಳೆದರೆ ಹೋಗುತ್ತದೆ, ಹೋದ ಮೇಲೆ ಎಲ್ಲರೂ ಒಂದೇ ನೀರಿಗೆ ಇಳಿಯಬಹುದು. ಇಲ್ಲಿ ಪ್ರತಿಯೊಬ್ಬರೂ ಇತರರಿಗಾಗಿ ಶುಚಿಯಾಗುತ್ತಾರೆ. ಕನ್ನಡ ನಾಡಿನ ಬಚ್ಚಲು ಮನೆಯ ಮಡಿ ಬೇರೆ ದಿಕ್ಕಿನದು. ಮಡಿಯುಟ್ಟವರು ಇತರರಿಂದ ದೂರ ನಿಲ್ಲುವುದಕ್ಕಾಗಿ ಮೀಯುತ್ತಾರೆ. ಮಿಂದ ಮೇಲೆ ಯಾರೂ ಮುಟ್ಟಬಾರದು. ಮಡಿಯ ಎದುರಿಗಿರುವ ಮೈಲಿಗೆ ಸೋಪಿಗೆ ಸಿಗುವಂಥದ್ದಲ್ಲ, ಏಕೆಂದರೆ ಅದನ್ನು ಹುಟ್ಟಿಗೆ ಅಂಟಿಸಲಾಗಿದೆ. ಸೆಂತೋದ ತೊಟ್ಟಿಗೆ ಹೆದರುವ ಕನ್ನಡಿಗರು ತಮ್ಮ ಹೆದರಿಕೆಯನ್ನು ಆರೋಗ್ಯದ ಭಾಷೆಯಲ್ಲಿ ಹೇಳಿದರೂ, ಅದರ ಬೇರು ಈ ಹಳೆಯ ಬಚ್ಚಲಿನಲ್ಲಿರುವ ಸಾಧ್ಯತೆಯನ್ನು ಅಲ್ಲಗಳೆಯಲಾಗದು.

ಹಾಗೆಂದು ಜಪಾನಿನ ನೀರು ಸಮತೆಯ ನೀರೆಂದು ತೀರ್ಮಾನಿಸಿಬಿಡುವುದು ಪ್ರವಾಸಿಗರ ಅವಸರವಾದೀತು. ಅಲ್ಲಿನ ಮನೆಯೊಳಗಿನ ‘ಓಫುರೋ’ವನ್ನೇ ನೋಡಬಹುದು. ಒಮ್ಮೆ ಕಾಯಿಸಿದ ತೊಟ್ಟಿಯ ನೀರನ್ನು ಮನೆಯವರೆಲ್ಲ ಸರದಿಯಲ್ಲಿ ಬಳಸುತ್ತಾರೆ. ಉಳಿದ ನೀರು ಮರುದಿನ ಬಟ್ಟೆ ಒಗೆಯಲು ಹೋಗುವುದೂ ಉಂಟು. ಹಳೆಯ ಕುಟುಂಬಗಳಲ್ಲಿ ಈ ಸರದಿಗೆ ಕಟ್ಟುನಿಟ್ಟಿನ ಕ್ರಮವಿತ್ತು. ಅತಿಥಿ ಇದ್ದರೆ ಅತಿಥಿಗೆ, ಇಲ್ಲದಿದ್ದರೆ ಯಜಮಾನನಿಗೆ ಮೊದಲ ನೀರು, ಬಳಿಕ ಗಂಡುಮಕ್ಕಳು, ಎಲ್ಲರದೂ ಮುಗಿದು ನೀರು ತಣ್ಣಗಾಗುವ ಹೊತ್ತಿಗೆ ಸೊಸೆ. ಆ ಕೊನೆಯ ನೀರಿಗೆ ‘ಶಿಮಾಯ್‌ಯು’ ಎಂಬ ಹೆಸರೇ ಇದೆ. ದೀಪಾವಳಿಯ ನೀರು ತುಂಬುವ ಹಬ್ಬದಂದು ಹಂಡೆಗೆ ನೀರು ತುಂಬಿ, ಮರುದಿನ ನಸುಕಿನಲ್ಲೆದ್ದು ಒಲೆ ಉರಿಸಿ, ಮನೆಯವರಿಗೆಲ್ಲ ಎಣ್ಣೆಸ್ನಾನಕ್ಕೆ ಅಣಿ ಮಾಡಿ, ಕೊನೆಗೆ ಹಂಡೆಯ ತಳದಲ್ಲಿ ಉಳಿದದ್ದನ್ನು ಸುರಿದುಕೊಂಡು ಅಡುಗೆಮನೆಗೆ ಓಡಿದ ಹೆಣ್ಣುಮಕ್ಕಳಿಗೆ ಈ ಹೆಸರಿನ ಅರ್ಥವನ್ನು ವಿವರಿಸಬೇಕಾಗಿಲ್ಲ. ಮನೆಯಲ್ಲಿ ಕೊನೆಯ ನೀರಿನವಳಾದ ಹೆಂಗಸು ಸೆಂತೋಗೆ ಬಂದರೆ ಯಾರ ಸರದಿಗೂ ಕಾಯಬೇಕಿರಲಿಲ್ಲ. ಅತ್ತೆಯ ಕಣ್ಣಿನಿಂದಾಚೆ ಅರ್ಧ ಗಂಟೆ ಮಾತು, ನಗು, ನಿಟ್ಟುಸಿರು ಆಕೆಗೆ ಅಲ್ಲಿ ಸಿಗುತ್ತಿದ್ದವು.

ಬೀದಿಯ ಬದುಕಿನಲ್ಲೂ ನೀರಿಗೆ ನಿಯಮಗಳಿವೆ. ಕ್ಯೋಟೋದ ಹಳೆಯ ಓಣಿಗಳಲ್ಲಿ ಬೆಳಗ್ಗೆ ಮನೆಯ ಮುಂದೆ ಗುಡಿಸಿ ನೀರು ಚಿಮುಕಿಸುವ ರೂಢಿಯಿದೆ; ಸಾರಿಸಿ ರಂಗೋಲಿ ಹಾಕುವ ಊರಿನವರಿಗೆ ಇದು ಕೂಡಲೇ ಆಪ್ತವೆನಿಸುತ್ತದೆ. ಆದರೆ ಇಲ್ಲಿ ಗುಡಿಸುವಾಗ ಪಕ್ಕದ ಮನೆಯ ಮುಂದಿನ ಜಾಗಕ್ಕೆ ಸುಮಾರು ಒಂದಡಿಯಷ್ಟು ಮಾತ್ರ ಹೋಗಬೇಕು. ಅಷ್ಟೂ ಹೋಗದಿದ್ದರೆ ಜಿಪುಣತನ. ಹೆಚ್ಚು ಹೋದರೆ ನೆರೆಯವರನ್ನು ಸೋಮಾರಿಗಳೆಂದು ಆಡಿದಂತೆ. ಈ ಒಂದಡಿಯಲ್ಲಿ ಕ್ಯೋಟೋದ ಸೌಜನ್ಯವಿದೆ, ಆ ಸೌಜನ್ಯದ ಬಿಗಿಯೂ ಇದೆ. ನಿಯಮ ಗೊತ್ತಿರುವವರಿಗೆ ಅದು ಆದರ. ಗೊತ್ತಿಲ್ಲದವರಿಗೆ, ಕಲಿಯಲು ಅವಕಾಶವೇ ಸಿಗದವರಿಗೆ, ಅದೇ ಗೋಡೆ.

ಜಪಾನಿನ ಸ್ನಾನಕ್ಕೆ ಬೌದ್ಧ ಧರ್ಮದ ಹಿನ್ನೆಲೆಯೂ ಇದೆ. ಕ್ಯೋಟೋದ ತೋಫುಕು–ಜಿ ದೇವಾಲಯದಲ್ಲಿ 1459ರ ಹಬೆಸ್ನಾನದ ಕಟ್ಟಡ ಇಂದಿಗೂ ನಿಂತಿದೆ. ಝೆನ್ ಮಠಗಳ ಸ್ನಾನಗೃಹಗಳಲ್ಲಿ ಭದ್ರಪಾಲ ಎಂಬ ಬೋಧಿಸತ್ವನನ್ನು ಸ್ಥಾಪಿಸುವುದು ಪದ್ಧತಿ. ಸ್ನಾನಕ್ಕಿಳಿದಾಗಲೇ ಆತನಿಗೆ ಅರಿವು ಮೂಡಿತೆಂದು ನಂಬಿಕೆ. ದೇವಾಲಯಗಳು ಬಡವರಿಗೂ ರೋಗಿಗಳಿಗೂ ಸ್ನಾನವನ್ನು ದಾನವಾಗಿ ನೀಡುತ್ತಿದ್ದವು. ಎಂಟನೆಯ ಶತಮಾನದ ಸಾಮ್ರಾಜ್ಞಿ ಕೋಮ್ಯೋ ಸಾವಿರ ಜನರ ಮೈಯನ್ನು ತಾನೇ ತೊಳೆಯುವ ವ್ರತ ತೊಟ್ಟಳೆಂದೂ, ಸಾವಿರದನೆಯವನಾಗಿ ಬಂದ ಕುಷ್ಠರೋಗಿ ಅಕ್ಷೋಭ್ಯ ಬುದ್ಧನೇ ಆಗಿದ್ದನೆಂದೂ ಒಂದು ಐತಿಹ್ಯವಿದೆ.

ಐತಿಹ್ಯದಿಂದ ಚರಿತ್ರೆಗೆ ಬಂದಾಗ ಚಿತ್ರ ಬದಲಾಗುತ್ತದೆ. ಭಾರತದ ಮೈಲಿಗೆಯಂತೆ ಜಪಾನಿನಲ್ಲೂ ‘ಕೆಗಾರೆ’ ಎಂಬ ಕಲ್ಪನೆಯಿತ್ತು. ಸತ್ತ ದನದ ತೊಗಲು ಸುಲಿಯುವವರು, ಚರ್ಮ ಹದ ಮಾಡುವವರು, ಹೆಣದ ಕೆಲಸ ಮಾಡುವವರು ಹುಟ್ಟಿನಿಂದಲೇ ಅಶುದ್ಧರೆಂದು ಊರಾಚೆಗೆ ತಳ್ಳಲ್ಪಟ್ಟರು. ಅವರನ್ನು ಕರೆಯುತ್ತಿದ್ದ ‘ಎತಾ’ ಎಂಬ ಹೆಸರನ್ನು ಬರೆಯುತ್ತಿದ್ದ ಅಕ್ಷರಗಳ ಅರ್ಥವೇ ‘ಕೊಳೆ ಹೆಚ್ಚಾದವರು’ ಎಂದು. 1871ರ ಸರ್ಕಾರಿ ಆಜ್ಞೆ ಈ ಹೆಸರನ್ನೂ ಕೀಳು ಸ್ಥಾನವನ್ನೂ ರದ್ದು ಮಾಡಿತು. ಆಜ್ಞೆ ಹೊರಟ ಮೇಲೂ ಹಲವು ಕಡೆ ಸ್ನಾನಗೃಹದವರೂ ಕ್ಷೌರದಂಗಡಿಯವರೂ ಅವರಿಗೆ ಬಾಗಿಲು ತೆರೆಯಲಿಲ್ಲ. ‘ಬುರಾಕು’ ಎಂದು ಕರೆಯಲಾಗುವ ಕೇರಿಗಳ ಜನ ತಮ್ಮ ಬದುಕನ್ನು ತಾವೇ ಕಟ್ಟಿಕೊಳ್ಳಬೇಕಾಯಿತು. ಕ್ಯೋಟೋ ರೈಲು ನಿಲ್ದಾಣದಿಂದ ನಡೆದು ಹೋಗುವಷ್ಟು ಹತ್ತಿರದಲ್ಲಿರುವ ಸೂಜಿನ್ ಪ್ರದೇಶದಲ್ಲಿ, ಬೇರೆಯ ಬ್ಯಾಂಕುಗಳು ಸಾಲ ಕೊಡದಿದ್ದ ಕಾಲದಲ್ಲಿ, ಅಲ್ಲಿಯವರೇ 1899ರಲ್ಲಿ ಯಾನಾಗಿಹಾರಾ ಬ್ಯಾಂಕನ್ನು ಸ್ಥಾಪಿಸಿದರು. ಆ ಮರದ ಕಟ್ಟಡ ಇಂದು ವಸ್ತುಸಂಗ್ರಹಾಲಯವಾಗಿದೆ. ಸೆಂತೋದ ಮೆತ್ತನೆಯ ಪರದೆಯೂ ಕೆಲವರ ಪಾಲಿಗೆ ಮುಚ್ಚಿದ ಬಾಗಿಲಾಗಿತ್ತೆಂಬುದನ್ನು ಪ್ರವಾಸಿಗರ ಕೈಪಿಡಿಗಳು ಹೇಳುವುದಿಲ್ಲ.

1922ರ ಮಾರ್ಚ್ 3ರಂದು ಕ್ಯೋಟೋದ ಒಕಾಜಾಕಿ ಸಭಾಭವನದಲ್ಲಿ ಬುರಾಕು ಜನ ಸೇರಿ ತಮ್ಮ ಮೊದಲ ರಾಷ್ಟ್ರೀಯ ಸಂಘಟನೆಯನ್ನು ಕಟ್ಟಿದರು. ಹದಿಹರೆಯದ ಹುಡುಗನೊಬ್ಬ ವೇದಿಕೆಯೇರಿ ಶಾಲೆಯಲ್ಲಿನ ಅವಮಾನವನ್ನು ಬಿಡಿಸಿಟ್ಟ. ನಾರಾ ಪ್ರಾಂತದ ದೇವಾಲಯವೊಂದರ ಮನೆತನದಲ್ಲಿ ಹುಟ್ಟಿದ ಸೈಕೋ ಮಾನ್‌ಕಿಚಿ ಬರೆದ ಘೋಷಣೆಯನ್ನು ಓದಲಾಯಿತು. ಕರುಣೆ ಬೇಡುವುದನ್ನು ನಿರಾಕರಿಸಿ, ಮನುಷ್ಯ ಲೋಕದ ಚಳಿಯನ್ನು ಬಲ್ಲವರಾಗಿ, ಎಲ್ಲರಿಗೂ ಬೆಚ್ಚನೆಯ ಬದುಕನ್ನು ಹಾರೈಸುವ ಘೋಷಣೆಯದು. ಸಂಘಟನೆಗೆ ಅವರಿಟ್ಟ ಹೆಸರು ‘ಸುಯಿಹೇಯಿಶಾ’. ಜಪಾನಿ ಭಾಷೆಯಲ್ಲಿ ‘ಸುಯಿಹೇಯಿ’ ಎಂದರೆ ಸಮತಲ. ಅದನ್ನು ಬರೆಯುವ ಎರಡು ಅಕ್ಷರಗಳ ಅರ್ಥ ‘ನೀರು’ ಮತ್ತು ‘ಸಮ’. ನೀರು ತಾನಾಗಿ ಸಮವಾಗಿ ನಿಲ್ಲುತ್ತದೆ, ಮನುಷ್ಯ ಸಮಾಜ ಹಾಗೆ ನಿಲ್ಲುವುದಿಲ್ಲ ಎಂಬ ಅರಿವು ಆ ಹೆಸರಿನಲ್ಲಿದೆ. ಈ ಚಳವಳಿಯೂ ಕೊರಿಯಾದ ಕಟುಕ ಸಮುದಾಯದವರ ‘ಹ್ಯೊಂಗ್‌ಪ್ಯೊಂಗ್‌ಸಾ’ ಚಳವಳಿಯೂ ಗಡಿ ದಾಟಿ ಕೈಜೋಡಿಸಿದ್ದರ ದಾಖಲೆಗಳು 2016ರಲ್ಲಿ ಯುನೆಸ್ಕೋದ ಏಷ್ಯಾ–ಪೆಸಿಫಿಕ್ ಸ್ಮೃತಿ ಪಟ್ಟಿಗೆ ಸೇರಿದವು.

ಕ್ಯೋಟೋದ ಆ ಸಭೆಗೆ ಐದು ವರ್ಷ ತುಂಬಿದ ತಿಂಗಳಿನಲ್ಲೇ, 1927ರ ಮಾರ್ಚ್ 20ರಂದು, ಡಾ. ಬಿ.ಆರ್. ಅಂಬೇಡ್ಕರ್ ಸಾವಿರಾರು ಜನರೊಡನೆ ಮಹಾಡದ ಚವದಾರ್ ಕೆರೆಗೆ ನಡೆದು ನೀರು ಮುಟ್ಟಿ ಕುಡಿದರು. ಎರಡು ದೇಶಗಳಲ್ಲಿ, ಒಂದೇ ದಶಕದಲ್ಲಿ, ಹುಟ್ಟಿನ ಕಳಂಕ ಹೊತ್ತವರ ಹೋರಾಟಗಳು ನೀರಿನ ಬಳಿ ಬಂದು ನಿಂತವು. ಒಂದು ನೀರಿನಿಂದ ಹೆಸರು ಪಡೆಯಿತು, ಇನ್ನೊಂದು ನೀರನ್ನೇ ಕೇಳಿತು. ಮಹಾಡದಲ್ಲಿ ಸವರ್ಣೀಯರು ಕೆರೆಗೆ 108 ಕೊಡ ಪಂಚಗವ್ಯ ಸುರಿದು ‘ಶುದ್ಧಿ’ ಮಾಡಿದರು. 95 ವರ್ಷಗಳ ಬಳಿಕ, 2022ರ ನವೆಂಬರಿನಲ್ಲಿ, ಚಾಮರಾಜನಗರ ಜಿಲ್ಲೆಯ ಹೆಗ್ಗೋಠಾರ ಗ್ರಾಮದಲ್ಲಿ ದಲಿತ ಮಹಿಳೆಯೊಬ್ಬರು ನೀರು ಕುಡಿದರೆಂಬ ಕಾರಣಕ್ಕೆ ತೊಂಬೆಯ ನೀರನ್ನು ಹರಿಯಬಿಟ್ಟು, ಗೋಮೂತ್ರದಿಂದ ತೊಳೆದದ್ದು ವರದಿಯಾಯಿತು. ಭಾರತದ ಸಂವಿಧಾನದ 15ನೆಯ ವಿಧಿ ಬಾವಿ, ಕೆರೆ, ಸ್ನಾನಘಟ್ಟಗಳನ್ನು ಹೆಸರಿಟ್ಟು ಹೇಳಿ, ಜಾತಿಯ ಕಾರಣಕ್ಕೆ ಅಲ್ಲಿ ಯಾರನ್ನೂ ತಡೆಯಬಾರದೆನ್ನುತ್ತದೆ. ಸಂವಿಧಾನವೊಂದು ಸ್ನಾನಘಟ್ಟದ ಹೆಸರನ್ನು ಎತ್ತಬೇಕಾಯಿತೆಂದರೆ ಅಲ್ಲಿ ಏನು ನಡೆಯುತ್ತಿತ್ತೆಂದು ಊಹಿಸಬಹುದು.

ಜಪಾನಿನಲ್ಲೂ ಪ್ರಶ್ನೆ ಮುಗಿದಿಲ್ಲ. 2003ರ ನವೆಂಬರಿನಲ್ಲಿ ಕುಮಾಮೋತೋ ಪ್ರಾಂತದ ಬಿಸಿನೀರಿನ ಬುಗ್ಗೆಗಳ ಊರಿನಲ್ಲಿ, ಎಂದೋ ಗುಣಮುಖರಾಗಿದ್ದ ಕುಷ್ಠರೋಗಿಗಳಿಗೆ ಹೋಟೆಲೊಂದು ವಾಸ್ತವ್ಯ ನಿರಾಕರಿಸಿತು. ರೋಗಿಗಳನ್ನು ಪ್ರತ್ಯೇಕವಾಗಿ ಕೂಡಿಹಾಕುವ ಕಾನೂನು 1996ರಲ್ಲೇ ರದ್ದಾಗಿತ್ತು. ಅದು ಸಂವಿಧಾನಬಾಹಿರವಾಗಿತ್ತೆಂದು 2001ರಲ್ಲಿ ನ್ಯಾಯಾಲಯ ಹೇಳಿತ್ತು. ಹೋಟೆಲಿನವರ ಕ್ಷಮಾಪಣೆಯನ್ನು ಒಪ್ಪದ ಆ ವೃದ್ಧರಿಗೆ ದೇಶದ ನಾನಾ ಕಡೆಗಳಿಂದ ನಿಂದನೆಯ ಪತ್ರಗಳು ಬಂದವು. ಕೋಮ್ಯೋಳ ಕತೆಯನ್ನು ಬಲ್ಲ ನಾಡಿನಲ್ಲಿ ಇದು ನಡೆಯಿತು. ಉತ್ತರದ ಓತಾರು ನಗರದ ಕೆಲವು ಸ್ನಾನಗೃಹಗಳು ರಷ್ಯಾದ ನಾವಿಕರ ವರ್ತನೆಯ ನೆಪವೊಡ್ಡಿ ‘ಜಪಾನೀಯರಿಗೆ ಮಾತ್ರ’ ಎಂಬ ಫಲಕ ಹಾಕಿದ್ದವು. ಜಪಾನಿನ ಪೌರತ್ವ ಪಡೆದಿದ್ದ ವ್ಯಕ್ತಿಯನ್ನೂ ಮುಖ ನೋಡಿ ತಡೆಯಲಾಯಿತು. 2002ರಲ್ಲಿ ಸಪ್ಪೊರೋ ನ್ಯಾಯಾಲಯ ಇದು ಭೇದಭಾವವೆಂದು ತೀರ್ಪಿತ್ತು, ಮೂವರು ಫಿರ್ಯಾದಿಗಳಿಗೆ ತಲಾ 10 ಲಕ್ಷ ಯೆನ್ ಪರಿಹಾರ ಕೊಡಿಸಿತು. ಹೊರನಾಡಿನ ಕನ್ನಡಿಗರು ಇಲ್ಲಿ ಎರಡು ಕಡೆಯೂ ನಿಂತು ಯೋಚಿಸಬೇಕಾಗುತ್ತದೆ. ಪರದೇಶದ ಬಾಗಿಲಲ್ಲಿ ಮೈಬಣ್ಣಕ್ಕಾಗಿ ತಡೆಯಲ್ಪಟ್ಟಾಗ ನೋಯುವ ಮನಸ್ಸು, ತವರಿನ ತೊಂಬೆಯ ಬಳಿ ತಡೆಯಲ್ಪಟ್ಟವರ ನೋವನ್ನೂ ಅದೇ ತೂಕದಲ್ಲಿ ತೂಗುತ್ತದೆಯೇ?

ಸ್ನಾನಗೃಹವು ಲೋಕದಿಂದ ಹೊರಗಿನ ಜಾಗವಲ್ಲ. ಕ್ಯೋಟೋದ ನೇಕಾರರ ಪ್ರದೇಶವಾದ ನಿಶಿಜಿನ್ ಬಳಿ 1923ರಲ್ಲಿ ಆರಂಭವಾದ ಫುನಾಓಕಾ ಓನ್‌ಸೆನ್‌ನ ಬಟ್ಟೆ ಬದಲಿಸುವ ಕೋಣೆಯಲ್ಲಿ ತಲೆಯೆತ್ತಿ ನೋಡಿದರೆ, ಬಣ್ಣದ ಟೈಲುಗಳ ಮೇಲ್ಗಡೆ ಮರದ ಕೆತ್ತನೆಗಳಿವೆ. ಅವುಗಳಲ್ಲಿ 1932ರ ಶಾಂಘೈ ಕಾಳಗದ ಸೈನಿಕರಿದ್ದಾರೆ. ಚೀನಾದ ಮೇಲಿನ ಆಕ್ರಮಣದ ಹೆಮ್ಮೆ ಜನ ಬೆತ್ತಲಾಗುವ ಕೋಣೆಯೊಳಕ್ಕೂ ಬಂದು ಕುಳಿತಿತ್ತು. 2003ರಲ್ಲಿ ಈ ಕಟ್ಟಡ ಸಾಂಸ್ಕೃತಿಕ ಆಸ್ತಿಯಾಗಿ ನೋಂದಣಿಗೊಂಡಿತು. ಕೆತ್ತನೆಗಳನ್ನು ತೆಗೆಯದೆ ಉಳಿಸಿಕೊಂಡದ್ದರಿಂದ ಆ ಹೆಮ್ಮೆಯ ಬಗ್ಗೆ ಇಂದು ಮಾತಾಡಲು ಸಾಧ್ಯವಾಗಿದೆ.

1968ರಲ್ಲಿ ಜಪಾನಿನಲ್ಲಿ ಸುಮಾರು 18,000 ಸೆಂತೋಗಳಿದ್ದವು. ಇಂದು 2,000ವೂ ಇಲ್ಲ. ಮನೆಮನೆಗೂ ತೊಟ್ಟಿ ಬಂದಿದೆ, ಇಂಧನ ದುಬಾರಿಯಾಗಿದೆ, ಮಾಲೀಕರಿಗೆ ವಯಸ್ಸಾಗಿದೆ. ನಿಶಿಜಿನ್‌ನ ಒಂದು ಸೆಂತೋ ಕಾಫಿ ಅಂಗಡಿಯಾಗಿದೆ. ತಾಕಾಸೆ ಕಾಲುವೆಯ ದಂಡೆಯಲ್ಲಿ ಮುಚ್ಚಲಿದ್ದ ಇನ್ನೊಂದನ್ನು 2015ರಲ್ಲಿ ತರುಣನೊಬ್ಬ ವಹಿಸಿಕೊಂಡು ಮತ್ತೆ ಬೆಂಕಿ ಹಚ್ಚಿದ. ಮನೆಯ ಸ್ನಾನ ಅನುಕೂಲವೇ. ಕೊನೆಯ ನೀರಿನ ಸೊಸೆಗೆ ಅದು ಬಿಡುಗಡೆಯೂ ಹೌದು. ಆದರೆ ಅಪರಿಚಿತರ ಮುಪ್ಪು, ಗಾಯದ ಕಲೆ, ಬಾಣಂತಿಯ ಹೊಟ್ಟೆ, ಮಗುವಿನ ಬೆನ್ನು ಇವನ್ನೆಲ್ಲ ಅಸಹ್ಯವಿಲ್ಲದೆ ನೋಡುವ ಅಭ್ಯಾಸ ಮುಚ್ಚಿದ ಬಾಗಿಲಿನ ಹಿಂದೆ ಬೆಳೆಯುವುದಿಲ್ಲ. ‘ಬೆತ್ತಲೆಯ ಒಡನಾಟ’ ಎಂಬ ಜಪಾನಿ ಮಾತು ಇದನ್ನೇ ಕುರಿತದ್ದು.

ಆ ಒಡನಾಟ ಬರಿಯ ನೀರಿನಿಂದ ಬಂದದ್ದಲ್ಲ, ನೀರಿನ ಬಾಗಿಲು ತೆರೆಸಿದವರಿಂದ ಬಂದದ್ದು. ಒಕಾಜಾಕಿಯ ಸಭೆ ನಡೆಯದಿದ್ದರೆ, ಮಹಾಡದ ನಡಿಗೆ ನಡೆಯದಿದ್ದರೆ, ನೀರು ಸಮವಾಗಿಯೇ ಇರುತ್ತಿತ್ತು, ದಡದಲ್ಲಿ ನಿಂತವರು ದಡದಲ್ಲೇ ಇರುತ್ತಿದ್ದರು. ನೋರೆನ್ ಸರಿಸಿ ಒಳಗೆ ಹೋಗುವ ಕನ್ನಡಿಗರು, ಮಣೆಯ ಮೇಲೆ ಕುಳಿತು ಮೈ ತೊಳೆದು, ಪಕ್ಕದ ಮುದುಕರು ಸರಿದು ಕೊಟ್ಟ ಜಾಗದಲ್ಲಿ ತೊಟ್ಟಿಗಿಳಿದಾಗ, ಹೆಗ್ಗೋಠಾರದ ತೊಂಬೆಯನ್ನೂ ಒಮ್ಮೆ ನೆನೆಯಲಿ.