ಕೆಂಡದಲ್ಲಿ ಬೇಯಿಸಿದ ಗೆಣಸಿನ ಸಿಹಿ



ಶಿವರಾತ್ರಿ ಹತ್ತಿರ ಬಂದರೆ ರಾಯಚೂರಿನ ಪೇಟೆಯಲ್ಲಿ, ಮಾನ್ವಿ, ದೇವದುರ್ಗದ ಸಂತೆಗಳಲ್ಲಿ ಗೆಣಸು ಕಾಣುತ್ತದೆ. ದಪ್ಪ ಗೆಣಸಿಗೆ ಗಿರಾಕಿ ಸಿಗುತ್ತಾರೆ. ಬೆರಳು ಗಾತ್ರದ್ದು, ಸಲಿಕೆ ತಾಗಿ ಮುರಿದದ್ದು ಬೆಳೆದವರ ಮನೆಯಲ್ಲೇ ಉಳಿಯುತ್ತದೆ. ಅದನ್ನು ಎಮ್ಮೆಯ ಮುಂದೆ ಸುರಿಯುವ ಮೊದಲು ಈ ಮಾತು ಕೇಳ್ರಿ.

ಗೆಣಸನ್ನು ನೀರಿನಲ್ಲಿ ಗಡಬಡಿಸಿ ಕುದಿಸಿದರೆ ಸಪ್ಪಗಾಗುತ್ತದೆ. ನಿಧಾನ ಸುಟ್ಟರೆ ಸಿಹಿಯೇರುತ್ತದೆ. ಯಾಕೆ ಅಂತೀರಿ? ಹಿಟ್ಟಿನ ಅಂಶವನ್ನು ಸಕ್ಕರೆ ಮಾಡುವ ಕಿಣ್ವ ಗೆಣಸಿನೊಳಗೇ ಇದೆ. ಸುಮಾರು 60ರಿಂದ 75 ಡಿಗ್ರಿ ಸೆಲ್ಸಿಯಸ್ ಶಾಖದಲ್ಲಿ ಅದು ಚುರುಕಾಗುತ್ತದೆ. ಅದಕ್ಕೂ ಹೆಚ್ಚು ಕಾಯ್ದರೆ ಕೆಡುತ್ತದೆ. ಅವಸರ ಮಾಡದಿದ್ದರೆ ಅಷ್ಟು ಬೆಲ್ಲ ಉಳಿದಂತೆಯೇ.

ದಪ್ಪ ತಳದ ಕಬ್ಬಿಣದ ಕಡಾಯಿಯಲ್ಲಿ ಎರಡು ಬೆರಳು ಮರಳು ಹರವಿರಿ. ಒಂದು ಕಿಲೋ ಗೆಣಸನ್ನು ತೊಳೆದು ಒರೆಸಿ, ಸಿಪ್ಪೆಸಹಿತ ಮರಳಿನ ಮೇಲಿಟ್ಟು ಮುಚ್ಚಿರಿ. ಹತ್ತಿಕಟ್ಟಿಗೆ ಭುಗ್ಗನೆ ಉರಿದು ಬೂದಿಯಾಗುತ್ತದೆ. ಜಾಲಿಯ ಕೆಂಡ ನಿಲ್ಲುತ್ತದೆ. ಗ್ಯಾಸ್ ಒಲೆಯಾದರೆ ಉರಿ ಸಣ್ಣದಿರಲಿ. ತಾಸಿನ ಮೇಲೆ ಕಡ್ಡಿ ಚುಚ್ಚಿ ನೋಡಿ, ಮೆತ್ತಗಾಗಿದ್ದರೆ ಸಿಪ್ಪೆ, ನಾರು ತೆಗೆದು ನಾದಿರಿ.

ಅರ್ಧ ಬಟ್ಟಲು ಹುರಿದ ರವೆ ಒಂದು ಬಟ್ಟಲು ಹಾಲಿನಲ್ಲಿ ನೆನೆಯಲಿ. ಅರ್ಧ ಬಟ್ಟಲು ಬೆಲ್ಲವನ್ನು ತುಸು ನೀರಲ್ಲಿ ಕರಗಿಸಿ, ಸೋಸಿ, ಆರಿಸಿ ಬೆರೆಸಬೇಕು. ಬಿಸಿಯಾಗಿ ಸುರಿದರೆ ಹಾಲು ಒಡೆದೀತು. ಎರಡು ಚಮಚ ತುಪ್ಪ, ಒಂದು ಹಿಡಿ ಸೇಂಗಾಪುಡಿ, ಯಾಲಕ್ಕಿ ಸೇರಿಸಿರಿ. ಉಪವಾಸದವರು ರವೆ ಬಿಟ್ಟು, ಹಾಲು ಕಡಿಮೆ ಮಾಡಿ, ಸೇಂಗಾ ಹೆಚ್ಚಿಸಲಿ.

ತುಪ್ಪ ಸವರಿದ ತಾಟಿನಲ್ಲಿ ಇದನ್ನು ಹರವಿ, ಅದೇ ಮರಳಿನ ಮೇಲಿಟ್ಟು ಮುಚ್ಚಿ, ಮುಚ್ಚಳದ ಮೇಲೂ ಕೆಂಡ ಹಾಕಿರಿ. ಅರ್ಧ ತಾಸು ಕಳೆದ ಮೇಲೆ ನೋಡುತ್ತಿರಬೇಕು. ಮೇಲೆ ಕೆಂಪಾದರೆ ಇಳಿಸಿರಿ. ಪೂರ್ತಿ ಆರಿದ ಮೇಲೆಯೇ ಕೊಯ್ಯಬೇಕು. ಮಕ್ಕಳು ಕಾಯುವುದಿಲ್ಲ, ಆ ಮಾತು ಬೇರೆ. ಸಕ್ಕರೆ ಕಾಯಿಲೆ ಇದ್ದವರಿಗೆ ಮಾತ್ರ ಇದು ಹೊಂದುವ ತಿನಿಸಲ್ಲ.

ಮುಂದಿನ ಸಲ ಬಳ್ಳಿ ನೆಡುವಾಗ ಕಿತ್ತಳೆ ಬಣ್ಣದ ತಿರುಳಿನ ತಳಿಯನ್ನೂ ವಿಚಾರಿಸಿರಿ. ಕೇಂದ್ರೀಯ ಗೆಡ್ಡೆ ಬೆಳೆಗಳ ಸಂಶೋಧನಾ ಸಂಸ್ಥೆ ಹೊರತಂದ ‘ಭೂ ಸೋನಾ’ ಅಂಥದ್ದು. ಆ ಬಣ್ಣದ ಅಂಶವೇ ದೇಹದಲ್ಲಿ ಎ ಜೀವಸತ್ವವಾಗುತ್ತದೆ, ಮಕ್ಕಳ ಕಣ್ಣಿಗೆ ಬೇಕಾದದ್ದು. ತುಪ್ಪದ ಜಿಡ್ಡಿನೊಡನೆ ಅದು ಚೆನ್ನಾಗಿ ಮೈಗೆ ಹತ್ತುತ್ತದೆ.

ಇನ್ನು, ಎಮ್ಮೆಯ ಮಾತು. ಮೂತಿಹುಳು ಕೊರೆದ ಗೆಣಸು, ಬೂಸ್ಟು ಹಿಡಿದ ಗೆಣಸು ಕಹಿಯಾಗಿರುತ್ತದೆ. ಬೇಯಿಸಿದರೂ ಆ ಕಹಿ ಹೋಗದು. ಅದನ್ನು ತಿಂದ ದನಕ್ಕೆ ಪುಪ್ಪುಸ ಕೆಟ್ಟು ಉಬ್ಬಸ ಬರುತ್ತದೆ, ಸಾಯುವುದೂ ಉಂಟು. ಅಂಥದ್ದನ್ನು ಕೊಟ್ಟಿಗೆಯ ಹತ್ತಿರ ಎಸೆಯಬೇಡಿರಿ; ಹೊಲದಿಂದ ದೂರ ಆಳವಾದ ಗುಂಡಿ ತೋಡಿ ಹೂಳಿರಿ.