ಅಂಧಬಾಲಕರ ಪೋಷಣೆಯೂ ದಾಸೋಹವೂ

ಶ್ರೀ ಗುರುಬಸವಲಿಂಗಾಯ ನಮಃ



ಹಸಿದವರಿಗೆ ಅನ್ನವಿಕ್ಕುವುದು ದಾಸೋಹವೆಂಬುದನ್ನು ಎಲ್ಲರೂ ಬಲ್ಲರು. ಪರಂತು ದಿಕ್ಕಿಲ್ಲದ ಮಗುವಿಗೆ ಹೊಟ್ಟೆಯ ಹಸಿವೊಂದೇ ಅಲ್ಲ. ತನ್ನನ್ನು ಹೆಸರು ಹಿಡಿದು ಕರೆಯುವವರಿಲ್ಲವೆಂಬ ಹಸಿವೂ ಉಂಟು. ಈ ಎರಡನೆಯ ಹಸಿವನ್ನು ತಣಿಸುವ ಬಗೆಯನ್ನು ಗದುಗಿನ ಶ್ರೀ ವೀರೇಶ್ವರ ಪುಣ್ಯಾಶ್ರಮದ ಚರಿತ್ರೆಯು ತೋರಿಸಿಕೊಡುವುದು.

1892ರಲ್ಲಿ ಹಾನಗಲ್ಲ ಸೀಮೆಯ ಕಾಡಶೆಟ್ಟಿಹಳ್ಳಿಯಲ್ಲಿ ಹುಟ್ಟುಕುರುಡನಾಗಿ ಜನಿಸಿದ ಬಾಲಕನೊಬ್ಬನನ್ನು ಹಾನಗಲ್ಲ ಶ್ರೀ ಕುಮಾರ ಮಹಾಸ್ವಾಮಿಗಳವರು ಕೈಹಿಡಿದರು. ತುತ್ತು ಅನ್ನವನ್ನಿಕ್ಕಿ ಸುಮ್ಮನಾಗದೆ, ಆತನ ಕಂಠದಲ್ಲಿದ್ದ ಸತ್ತ್ವವನ್ನರಿತು ಸಂಗೀತವಿದ್ಯೆಯನ್ನು ಕೊಡಿಸಿದರು. ಆತನೇ ಮುಂದೆ ಪಂಚಾಕ್ಷರ ಗವಾಯಿಗಳೆಂದು ಪ್ರಸಿದ್ಧರಾದರು. ಗವಾಯಿಗಳವರು ಅಂಧರೂ ಅನಾಥರೂ ಆದ ಬಾಲಕರನ್ನು ಕೂಡಿಸಿಕೊಂಡು ಊರೂರು ಸಂಚರಿಸುತ್ತ ಅವರಿಗೆ ಸಂಗೀತವನ್ನು ಕಲಿಸಿದರು. ಅವರ ಅನ್ನಕ್ಕಾಗಿ ನಾಟಕಮಂಡಳಿಯನ್ನೂ ನಡೆಯಿಸಿದರು. 1944ರಲ್ಲಿ ಅವರು ಲಿಂಗೈಕ್ಯರಾದ ತರುವಾಯ, ಎಳೆತನದಲ್ಲಿಯೇ ದೃಷ್ಟಿಯನ್ನು ಕಳೆದುಕೊಂಡಿದ್ದ ಶಿಷ್ಯರಾದ ಪುಟ್ಟರಾಜ ಗವಾಯಿಗಳು ಆ ಭಾರವನ್ನು ಹೊತ್ತು 2010ರ ವರೆಗೂ ನಿರ್ವಹಿಸಿದರು.

ಕಣ್ಣಿಲ್ಲದ ಮಕ್ಕಳ ಮನೆಯಲ್ಲಿ ಸೇವೆಯು ಸಣ್ಣ ಸಣ್ಣ ಕಾರ್ಯಗಳಲ್ಲಿಯೇ ಅಡಗಿರುವುದು. ಬೆಳಗಿನಲ್ಲಿ ಎಬ್ಬಿಸುವಾಗ ಮೊದಲು ಹೆಸರು ಹಿಡಿದು ಕರೆದು ಆಮೇಲೆ ಮೈಮುಟ್ಟಬೇಕು. ಇಲ್ಲವಾದರೆ ಮಗುವು ಬೆಚ್ಚಿಬೀಳುವುದು. ನೀರಿನ ತಂಬಿಗೆಯನ್ನು ನಿನ್ನೆ ಇಟ್ಟೆಡೆಯಲ್ಲಿಯೇ ಇಂದೂ ಇಡಬೇಕು. ಬಡಿಸುವಾತನು ರೊಟ್ಟಿ ಯಾವ ಕಡೆ, ಪಲ್ಯ ಯಾವ ಕಡೆ ಎಂದು ಬಾಯಿಂದ ಹೇಳಿ ಬಡಿಸಬೇಕು. ದಾರಿಯಲ್ಲಿ ಮಗುವನ್ನು ಎಳೆದೊಯ್ಯದೆ ತನ್ನ ತೋಳನ್ನು ಅದರ ಕೈಗೆ ಕೊಡಬೇಕು. ರಾತ್ರಿಯಲ್ಲಿ ತಾಯಿಯನ್ನು ನೆನೆದು ಅಳುವ ಕೂಸಿನ ಬಳಿಯಲ್ಲಿ, ಅದಕ್ಕೆ ನಿದ್ರೆ ಬರುವ ತನಕ ಕುಳಿತಿರಬೇಕು.

ಇಲ್ಲಿ ಒಂದು ಎಚ್ಚರಿಕೆಯು ಅವಶ್ಯವು. ಕನಿಕರದ ಭರದಲ್ಲಿ ಉಣಿಸುವುದು, ಉಡಿಸುವುದು, ಹಾಸುವುದು ಎಲ್ಲವನ್ನೂ ತಾವೇ ಮಾಡಿಬಿಡುವವರುಂಟು. ಅದರಿಂದ ಕೆಲಸವು ಬೇಗನೆ ತೀರುವುದು, ಮಾಡಿದವರಿಗೆ ಸಮಾಧಾನವೂ ಆಗುವುದು. ಆದರೆ ಮಗುವಿನ ಕಣ್ಣಿನೊಡನೆ ಕೈಗಳೂ ಕುರುಡಾಗುವುವು. ತಡವಾದರೂ ಚಿಂತೆಯಿಲ್ಲ, ಅಂಗಿಯ ಗುಂಡಿಯನ್ನು ಮಗುವೇ ಹಾಕಿಕೊಳ್ಳಲಿ. ಅನ್ನ ಚೆಲ್ಲಿದರೂ ತಾನೇ ಉಣ್ಣಲಿ. ಕಾಯಕವನ್ನು ಕಲಿಸದ ದಾಸೋಹವು ಅರೆದಾಸೋಹವು.

ಕುಮಾರ ಮಹಾಸ್ವಾಮಿಗಳವರು ಹಿಡಿದ ಆ ಒಂದು ಕೈಯು ಮತ್ತೊಬ್ಬ ಅಂಧಬಾಲಕನ ಕೈಯನ್ನು ಹಿಡಿಯಿತು. ಆ ಬಾಲಕನ ಕೈಯು ಅಸಂಖ್ಯ ಮಕ್ಕಳಿಗೆ ಆಸರೆಯಾಯಿತು. ಬೇಡುವ ಕೈಯು ನೀಡುವ ಕೈಯಾಗುವುದೇ ಪೋಷಣೆಯ ಸಾರ್ಥಕ್ಯವು. ಆದಕಾರಣ ಮಠಗಳ ಮಹೋತ್ಸವಗಳಿಗೆ ಜೋಳ ಬೇಳೆಗಳನ್ನು ಹೊತ್ತು ತರುವ ಸದ್ಭಕ್ತರು, ದಿಕ್ಕಿಲ್ಲದ ಒಂದು ಮಗುವಿನ ಹೆಸರನ್ನು ಕೇಳಿಕೊಂಡು ಅದರ ಬಳಿ ಒಂದು ಗಳಿಗೆ ಕುಳಿತು ಹೋಗಲಿ. ಆ ಗಳಿಗೆಯೂ ದಾಸೋಹದ ಲೆಕ್ಕಕ್ಕೆ ಸಲ್ಲುವುದು.