ಪಾಲುಪಟ್ಟಿ ಮತ್ತು ದೇವರ ಕೋಣೆ
(ಉತ್ಸವದ ಧಾರ್ಮಿಕ ಸಭೆಯಲ್ಲಿ ಮಾಡಿದ ಉಪನ್ಯಾಸ)



ಕಾಸರಗೋಡು ಸೀಮೆಯ ಹಳೆಯ ಮನೆಗಳಲ್ಲಿ ಅಡಿಕೆ ಸುಲಿಯುವ ಕೆಲಸ ರಾತ್ರಿಯ ಊಟದ ಅನಂತರ ಜಗಲಿಯಲ್ಲಿ ನಡೆಯುತ್ತಿತ್ತು. ಅಂಗಳದಲ್ಲಿ ನಲವತ್ತು ದಿನ ಒಣಗಿದ ಅಡಿಕೆಯ ರಾಶಿಯ ಸುತ್ತ ಅಜ್ಜ, ದೊಡ್ಡಪ್ಪ, ಚಿಕ್ಕಪ್ಪ, ಮಕ್ಕಳು ಕೂರುತ್ತಿದ್ದರು. ಕೈಗೆ ಅಡಿಕೆ, ಬಾಯಿಗೆ ಹಿಂದಿನ ರಾತ್ರಿಯ ಆಟದ ವಿಮರ್ಶೆ. ಅಕ್ಷರ ಕಲಿಯುವ ಮೊದಲೇ ರಾಮನೂ ರಾವಣನೂ ಮಕ್ಕಳಿಗೆ ಪರಿಚಿತರು. ಪಾರ್ತಿಸುಬ್ಬನ ಸೀಮೆಯಲ್ಲವೇ!

ಆದರೆ ಆ ಮನೆಗಳನ್ನು ಸ್ವರ್ಗವೆಂದು ಹೊಗಳುವವರು ಅಡುಗೆಮನೆಯ ಕಡೆ ಹೋದವರಲ್ಲ. ಮಕ್ಕಳಕಟ್ಟಿನ ದೊಡ್ಡ ಮನೆಗಳಲ್ಲಿ ಇಪ್ಪತ್ತು ಮೂವತ್ತು ಎಲೆಗೆ ಬಡಿಸಿ, ಕೊನೆಗೆ ಉಳಿದದ್ದನ್ನು ಉಂಡವರು ಸೊಸೆಯಂದಿರು. ಒಂದು ಸೀರೆಗೂ ಯಜಮಾನರ ಮುಖ ನೋಡಬೇಕಿತ್ತು. ಬೇರೆ ಒಲೆ ಹೂಡಿದ ಸೊಸೆಯನ್ನು ದೂರುವುದು ನ್ಯಾಯವಲ್ಲ.

ಕಾಸರಗೋಡು 1956ರಲ್ಲಿ ಕೇರಳಕ್ಕೆ ಸೇರಿತು. ಅವಿಭಕ್ತ ಹಿಂದೂ ಕುಟುಂಬ ಪದ್ಧತಿಯನ್ನು ರದ್ದುಗೊಳಿಸಿದ ಕೇರಳದ ಕಾನೂನು 1976ರ ಡಿಸೆಂಬರ್ 1ರಂದು ಜಾರಿಗೆ ಬಂತು. ಅಂದು ಮಕ್ಕಳಕಟ್ಟಿನವರು, ಅಳಿಯಕಟ್ಟಿನವರು ಎಂಬ ಭೇದವಿಲ್ಲದೆ ಕೂಡುಕುಟುಂಬದ ಆಸ್ತಿಯಲ್ಲಿ ಪ್ರತಿಯೊಬ್ಬರ ಪಾಲೂ ಪ್ರತ್ಯೇಕವಾಯಿತು. ಮಕ್ಕಳು ಬೆಂಗಳೂರು, ಮುಂಬಯಿ, ಗಲ್ಫ್ ಎಂದು ಹೊರಟರು.

ಪಾಲುಪಟ್ಟಿಯಲ್ಲಿ ತೋಟ, ಗದ್ದೆ, ತೆಂಗಿನ ಮರ, ಕೆರೆಯ ನೀರಿನ ಸರದಿ ಎಲ್ಲವನ್ನೂ ಬರೆಯುತ್ತಾರೆ. ದೇವರ ಕೋಣೆಯ ನಿತ್ಯದೀಪ ಯಾರ ಪಾಲು? ಎಷ್ಟೋ ಪಟ್ಟಿಗಳಲ್ಲಿ ಅದರ ಮಾತೇ ಇಲ್ಲ. ಮೂಲಮನೆಯಲ್ಲಿ ಉಳಿದ ಒಬ್ಬ ಅಣ್ಣ, ಅತ್ತಿಗೆಯ ತಲೆಗೆ ಅದು ತಾನಾಗಿ ಬೀಳುತ್ತದೆ. ಜೊತೆಗೆ ವೃದ್ಧ ತಂದೆತಾಯಿಯರ ಆರೈಕೆಯೂ. ವರ್ಷಕ್ಕೊಮ್ಮೆ ನಾಗತಂಬಿಲಕ್ಕೋ ದೈವದ ಕೋಲಕ್ಕೋ ಕಾರಿನಲ್ಲಿ ಬಂದಿಳಿಯುವ ತಮ್ಮಂದಿರು "ವ್ಯವಸ್ಥೆ ಸಾಲದು" ಎನ್ನುತ್ತಾರೆ. ಉಳಿದ ಮುನ್ನೂರ ಅರುವತ್ತನಾಲ್ಕು ದಿನ ಹೂ ಕೊಯ್ದು, ದೀಪದ ಎಣ್ಣೆ ನೋಡಿ, ಮಾವನವರಿಗೆ ಹೊತ್ತಿಗೆ ಸರಿಯಾಗಿ ಗಂಜಿ ಬಡಿಸಿದವಳು ಅತ್ತಿಗೆ. ತವರಿನ ಮದುವೆಗೆ ಹೋದರೂ ಸಂಜೆಯ ದೀಪದ ಹೊತ್ತಿಗೆ ಅವಳು ಹಿಂದಿರುಗಲೇಬೇಕು.

ಕೆಲವು ಕುಟುಂಬಗಳು ದಾರಿ ಕಂಡುಕೊಂಡಿವೆ. ದೇವರ ಕಾರ್ಯಕ್ಕೆಂದೇ ಬ್ಯಾಂಕಿನಲ್ಲಿ ಖಾತೆ ತೆರೆದು ಪ್ರತಿ ಪಾಲುದಾರನೂ ತಿಂಗಳು ತಿಂಗಳು ಹಣ ಹಾಕುವುದುಂಟು. ಹಣ ಹಾಕುವುದು ಸುಲಭದ ಕೆಲಸವೆನ್ನಿ. ಅದಕ್ಕಿಂತ ಮೆಚ್ಚತಕ್ಕವರು, ಬೇಸಗೆ ರಜೆಯಲ್ಲಿ ಹದಿನೈದು ದಿನ ಅಣ್ಣ, ಅತ್ತಿಗೆಯನ್ನು ಯಾತ್ರೆಗೋ ಮಗಳ ಮನೆಗೋ ಕಳುಹಿಸಿ, ಹೆಂಡತಿ ಮಕ್ಕಳೊಡನೆ ತಾವೇ ಮೂಲಮನೆಯಲ್ಲಿ ನಿಲ್ಲುವವರು. ಆಗ ಮೊಮ್ಮಕ್ಕಳ ಕಿವಿಗೆ ಅಜ್ಜಿಯ ಕನ್ನಡವೂ ಬೀಳುತ್ತದೆ.

ಉತ್ಸವಕ್ಕೆಂದು ಊರಿಗೆ ಬಂದವರೆಲ್ಲ ಈಗ ಒಟ್ಟಿಗಿದ್ದಾರೆ. ಧ್ವಜ ಇಳಿಯುವ ಮೊದಲು ಒಂದು ಸಂಜೆ ಮೂಲಮನೆಯ ಜಗಲಿಯಲ್ಲಿ ಕುಳಿತು, ಅತ್ತಿಗೆಯನ್ನೂ ಕರೆದು ಕೂರಿಸಿ, ಬರುವ ಬೇಸಗೆಯ ಸರದಿ ಯಾರದೆಂದು ನಿಶ್ಚಯಿಸಿಕೊಂಡು ಹೋಗಲಿ.